ಯಾರ ಬದಲಿಗೆ ಬಂದೆ ನೀನು?

"ಯಾರಾದ್ರೂ ಇದ್ದೀರಾ...? ದಯವಿಟ್ಟು ಬಾಗಿಲು ತೆಗೀರಿ!"

ಎರಡೂ ಅಂಗೈಗಳಿಂದ ಅವಳು ಲಿಫ್ಟಿನ ಬಾಗಿಲನ್ನು ಬಡಿಯುತ್ತಿದ್ದಳು. ಆಸ್ಪತ್ರೆಯ ಆ ಹಳೇ ಲಿಫ್ಟ್ ಎರಡು ಮಹಡಿಗಳ ನಡುವೆ ಜೋರಾಗಿ ಕುಲುಕಿ ನಿಂತುಬಿಟ್ಟಿತ್ತು. ದೀಪ ಆರಿತ್ತು. ಫ್ಯಾನ್ ನಿಂತಿತ್ತು. ಉಸಿರು ಎಳೆದಷ್ಟೂ ಸಾಲುತ್ತಿರಲಿಲ್ಲ.

'ಇಲ್ಲೇ ಸತ್ತುಹೋಗ್ತೀನಾ...? ಹೋಗ್ಲಿ ಬಿಡು.'

ಹಾಗೆ ಅನ್ನಿಸಿದ ಮರುಕ್ಷಣವೇ ತನ್ನ ಯೋಚನೆಗೆ ತಾನೇ ಬೆಚ್ಚಿಬಿದ್ದಳು.

"ಬಾಗಿಲು ಬಡೀಬೇಡಿ, ಕೈ ನೋಯುತ್ತೆ." ತಲೆಯ ಮೇಲಿನಿಂದ ಗಂಡಸಿನ ದನಿಯೊಂದು ಕೇಳಿಸಿತು. "ನಾನು ಲಿಫ್ಟ್ ಮೆಕ್ಯಾನಿಕ್. ಇಲ್ಲೇ ಇದ್ದೀನಿ. ಮೊದಲು ನೆಲದ ಮೇಲೆ ಕೂತ್ಕೊಳ್ಳಿ."

"ಉಸಿರು... ಉಸಿರೇ ಬರ್ತಿಲ್ಲ!"

"ಮಾತಾಡ್ತಿದ್ದೀರಲ್ಲ, ಅಂದ್ರೆ ಬರ್ತಿದೆ. ಮಾತು ನಿಲ್ಲಿಸಬೇಡಿ. ಏನು ಕೆಲಸ ನಿಮ್ದು?"

"ಮಾತು ಕಲಿಸೋದು... ಲಕ್ವ ಹೊಡೆದು ಮಾತು ಹೋದವರಿಗೆ."

"ನೋಡಿ ಮತ್ತೆ! ಮಾತಿನ ಟೀಚರ್‌ಗೇ ಮಾತು ನಿಂತ್ರೆ ಹೇಗೆ? ಏನಾದ್ರೂ ಕೇಳಿ ನನ್ನ."

ಅವಳು ಮೊಣಕಾಲುಗಳನ್ನು ತಬ್ಬಿ ಕುಳಿತಳು. "ನಿಮ್ಮ... ನಿಮ್ಮ ಹೆಸರೇನು?"

"ಇವಜ್."

"ಏನಂದ್ರಿ?"

"ಇವಜ್. ಅರಬ್ಬಿ ಹೆಸರು. ಅಮ್ಮನ ತವರಿನವರು ಆ ಭಾಷೆಯವರು. ಅರ್ಥ ಬೇಕಾ? ಬದಲಿ. ಒಂದು ಹೋದ್ರೆ ಅದರ ಜಾಗಕ್ಕೆ ಬರೋದು. ನನ್ನ ಕೆಲಸದ ಮಾತಲ್ಲಿ ಹೇಳೋದಾದ್ರೆ ಸ್ಪೇರ್ ಪಾರ್ಟು!"

ಅವನು ನಕ್ಕ. ಆದರೆ ಆ ನಗುವಿನ ತಳದಲ್ಲಿ ಏನೋ ಒಡೆದಿರುವುದು ಅವಳಿಗೆ ಕೇಳಿಸಿತು. ಜನರ ದನಿ ಕೇಳುವುದೇ ಅವಳ ಕಸುಬು. ಅಂಥ ಹೊತ್ತಿನಲ್ಲೂ ಕೇಳಿಸಿತು.

ಕಬ್ಬಿಣ ಕಿರುಗುಟ್ಟಿತು. ಬಾಗಿಲು ಒಂದಿಷ್ಟು ಬಿರಿದು ಬೆಳಕಿನ ಗೀಟೊಂದು ಒಳಗೆ ಬಿತ್ತು. ಆ ಬೆಳಕಿನಲ್ಲಿ ಗ್ರೀಸು ಮೆತ್ತಿದ ಕೈಯೊಂದು ಕೆಳಗಿಳಿಯಿತು.

ಅವಳು ಆ ಕೈಯನ್ನು ಹಿಡಿದು ಮೇಲೆ ಬಂದಳು. ಬಂದ ಮೇಲೂ ಬಿಡಲಿಲ್ಲ. ಸುತ್ತ ಜನ ಸೇರಿದ್ದರು, ನರ್ಸ್ ನೀರು ಹಿಡಿದು ನಿಂತಿದ್ದಳು. ಆದರೂ ಬೆರಳುಗಳು ಸಡಿಲಲಿಲ್ಲ.

ಹಿಂದೊಮ್ಮೆ ಅವಳು ಒಬ್ಬನ ಕೈಯನ್ನು ಹೀಗೇ ಹಿಡಿದಿದ್ದಳು. ಅದು ತಣ್ಣಗಾಗಿತ್ತು. ತಮ್ಮಿಬ್ಬರ ಮದುವೆಗೆ ಬಟ್ಟೆ ತರಲು ಹೊರಟವನು ರಸ್ತೆ ಅಪಘಾತದಲ್ಲಿ ಹೋಗಿಬಿಟ್ಟಿದ್ದ. ಅವನನ್ನು ಅವಳು ಪ್ರೀತಿಯಿಂದ 'ದೊರೆ' ಎಂದು ಕರೆಯುತ್ತಿದ್ದಳು. ಎರಡು ವರ್ಷವಾಗಿತ್ತು. ಅಂದಿನಿಂದ ಊಟ, ಕೆಲಸ, ನಿದ್ದೆ ಎಲ್ಲವೂ ನಡೆಯುತ್ತಿತ್ತು. ಅವಳೊಬ್ಬಳು ಮಾತ್ರ ನಿಂತುಬಿಟ್ಟಿದ್ದಳು.

"ಟೀಚರ್..." ಅವನು ಮೆಲ್ಲಗೆ ಹೇಳಿದ. "ನಾನೇನೂ ಓಡಿಹೋಗಲ್ಲ. ಬೇಕಾದಷ್ಟು ಹೊತ್ತು ಹಿಡ್ಕೊಳ್ಳಿ."

*

ಅದಾಗಿ ಕೆಲವು ವಾರಗಳಲ್ಲಿ ಅವನೇ ಆಸ್ಪತ್ರೆಯಲ್ಲಿದ್ದ ಅವಳ ಕೋಣೆಗೆ ಬಂದ. ಗಾಲಿಕುರ್ಚಿಯಲ್ಲಿ ಅವನ ಅಮ್ಮ ಇದ್ದರು. ಲಕ್ವ ಹೊಡೆದು ಬಲಗೈ ಬಿದ್ದುಹೋಗಿತ್ತು. ಮಾತೂ ಹೋಗಿತ್ತು. ಒಂದೇ ಒಂದು ಪದ ಉಳಿದಿತ್ತು.

"ಗುಬ್ಬಿ."

"ಅಮ್ಮಾ, ನೀರು ಬೇಕಾ?" ಅವಳು ಕೇಳಿದಳು.

"ಗುಬ್ಬಿ."

"ಕೈ ನೋಯ್ತಿದೆಯಾ?"

"ಗುಬ್ಬಿ... ಗುಬ್ಬಿ!" ಆಕೆ ಮಗನ ಮುಖವನ್ನೇ ನೋಡುತ್ತ ಕಣ್ಣೀರು ಹಾಕಿದರು.

ಅವನು ಮುಖ ತಿರುಗಿಸಿಕೊಂಡ.

"ಗುಬ್ಬಿ ಅಂದ್ರೆ ನನ್ನಣ್ಣ," ಅಮ್ಮನನ್ನು ಜೊತೆಗೆ ಬಂದಿದ್ದ ತನ್ನ ಅಕ್ಕನ ಬಳಿ ಹೊರಗೆ ಕೂರಿಸಿ ಬಂದು ಹೇಳಿದ. "ನಾನು ಹುಟ್ಟೋಕೆ ಮುಂಚೆ ಜ್ವರ ಬಂದು ಹೋಗ್ಬಿಟ್ಟ. ಮನೇಲಿ ಕೂಗ್ತಿದ್ದ ಹೆಸರು ಅದು. ಅವನ ಮಂಚದಲ್ಲೇ ನಾನು ಮಲಗಿದ್ದು, ಅವನ ಅಂಗೀನೇ ಹಾಕಿದ್ದು. ಸ್ಕೂಲಲ್ಲಿ ಬಹುಮಾನ ತಂದ್ರೆ, 'ಗುಬ್ಬಿ ಇದ್ದಿದ್ರೂ ಹೀಗೇ ತರ್ತಿದ್ದ' ಅಂತ ಯಾರಾದ್ರೂ ಕಣ್ಣೊರೆಸ್ಕೊಳ್ತಿದ್ರು. ಅಮ್ಮನ ಕಡೆಯವರಲ್ಲಿ ಮಗು ಕಳ್ಕೊಂಡ ಮನೇಲಿ ಮುಂದೆ ಹುಟ್ಟಿದ ಗಂಡಿಗೆ ಇವಜ್ ಅಂತ ಇಡ್ತಾರಂತೆ. ಯಾರ ಜಾಗಕ್ಕೆ ಬಂದವನು ಅಂತ ಊರಿಗೆಲ್ಲ ಗೊತ್ತಾಗ್ಬೇಕಲ್ಲ! ಈಗ ನೋಡಿ, ಮಾತೆಲ್ಲ ಹೋದ್ಮೇಲೆ ಅಮ್ಮನ ಬಾಯಲ್ಲಿ ಉಳಿದಿದ್ದೂ ಅವನೇ. ನಾನು ಇಲ್ಲ."

"ಹಾಗಲ್ಲ," ಅವಳು ಅವಸರದಿಂದ ಹೇಳಿದಳು. "ಈ ಕಾಯಿಲೇಲಿ ಒಂದೊಂದ್ಸಲ ಒಂದೇ ಪದ ನಾಲಿಗೆಗೆ ಅಂಟ್ಕೊಂಡು ಬಿಡುತ್ತೆ. ನೀರಿಗೂ ಅದೇ, ನೋವಿಗೂ ಅದೇ. ಅವರು ಹೇಳೋಕೆ ಹೊರಟಿದ್ದು ಬೇರೇನೇ ಇರುತ್ತೆ."

"ನೀವು ಒಳ್ಳೆಯವರು ಟೀಚರ್. ಅದಕ್ಕೆ ಹಾಗಂತೀರಿ."

ಅಂದಿನಿಂದ ಅವನು ದಿನವೂ ಬಂದ. ಅಮ್ಮನ ಪಾಠ ಮುಗಿದ ಮೇಲೂ ಒಂದಲ್ಲ ಒಂದು ನೆಪದಿಂದ ಉಳಿದ. ಕೋಣೆಯ ಕಿಟಕಿಯ ಕೊಂಡಿ ಸರಿಮಾಡಿದ. ಲಿಫ್ಟ್ ಹತ್ತಲು ಈಗ ಅವಳಿಗೆ ಭಯವೆಂದು ತಿಳಿದು, ಮೆಟ್ಟಿಲು ಹತ್ತುವಾಗ ಜೊತೆಗೆ ಬಂದ. ತನ್ನ ದೊರೆಯ ವಿಷಯವನ್ನು ಅವಳು ಮೊದಲ ಸಲ ಒಬ್ಬರ ಬಳಿ ಹೇಳಿಕೊಂಡಿದ್ದು ಆ ಮೆಟ್ಟಿಲುಗಳ ಮೇಲೆಯೇ. ಹೆಚ್ಚೇನೂ ಹೇಳಲಿಲ್ಲ. ಹೆಸರು ಹೇಳಿದಳು, ಹೋಗಿದ್ದು ಹೇಳಿದಳು, ಅಷ್ಟೇ.

"ನಿಮ್ಮ ಹೆಸರು ನಮ್ಮ ಮಾತಲ್ಲೂ ಇದೆ, ಗೊತ್ತಾ?" ಒಂದು ದಿನ ಅವಳೆಂದಳು. "ನಮ್ಮಜ್ಜಿ ಪೆಟ್ಟಿಗೇಲಿ ಭದ್ರವಾಗಿ ಇಟ್ಟಿರೋ ಒಡವೆಗೆ 'ಐವಜು' ಅಂತಿದ್ರು. ಅದೂ ನಿಮ್ಮ ಅರಬ್ಬಿ ಪದದಿಂದಲೇ ಬಂದಿದ್ದು ಅಂತ ಓದಿದ ನೆನಪು. ಅಲ್ಲಿಂದ ಇಲ್ಲಿಗೆ ಬರೋಷ್ಟರಲ್ಲಿ ಬದಲಿ ಹೋಗಿ ಬಂಗಾರ ಆಗಿದೆ!"

"ಬಂಗಾರ ಪೆಟ್ಟಿಗೇಲಿರುತ್ತೆ ಟೀಚರ್. ನಾನು ಲಿಫ್ಟಿನ ಗುಂಡೀಲಿರ್ತೀನಿ."

ಅವಳು ಜೋರಾಗಿ ನಕ್ಕಳು. ನಕ್ಕ ಮೇಲೆ ಬಾಯಿಗೆ ಕೈ ಅಡ್ಡ ಹಿಡಿದಳು.

'ಅಯ್ಯೋ... ನಾನು ನಕ್ಕೆ!'

*

ನಗು ಬಂದ ಬಾಯಿಯಿಂದಲೇ ಆ ತಪ್ಪೂ ನಡೆದುಹೋಯಿತು.

ಅಂದು ಮಧ್ಯಾಹ್ನ ಅವನು ಅವಳ ಕೋಣೆಯಲ್ಲಿ ಮಂಡಿಯೂರಿ ಕುಳಿತು ಅಲುಗಾಡುವ ಕುರ್ಚಿಯ ಕಾಲಿಗೆ ತಿರುಪು ಬಿಗಿಯುತ್ತಿದ್ದ. ಹಣೆಯ ಮೇಲೆ ಬೆವರು. ಅವಳು ಕ್ಯಾಂಟೀನಿನಿಂದ ಎರಡು ಲೋಟ ಟೀ ತಂದು ಮೇಜಿನ ಮೇಲಿಟ್ಟಳು. ಅವನ ಬಾಗಿದ ಕತ್ತನ್ನು ನೋಡಿದಾಗ ಎದೆಯಲ್ಲಿ ಏನೋ ಕರಗಿ ಹರಿಯಿತು. ಎಷ್ಟೋ ಕಾಲದಿಂದ ಹೆಪ್ಪುಗಟ್ಟಿದ್ದು...

"ಸಾಕು ಬಾ ದೊರೆ, ಟೀ ಆರಿಹೋಗುತ್ತೆ."

ತಿರುಪುಳಿ ನಿಂತಿತು.

ಅವನು ನಿಧಾನವಾಗಿ ಎದ್ದು ನಿಂತ. ಮುಖದಲ್ಲಿ ಸಿಟ್ಟಿರಲಿಲ್ಲ. ಸಿಟ್ಟಿದ್ದಿದ್ದರೆ ಎಷ್ಟೋ ಚೆನ್ನಾಗಿತ್ತು.

"ಟೀಚರ್... ನನ್ನ ಹೆಸರು ಹೇಳಿ."

ಅವಳು ಬಾಯಿ ತೆರೆದಳು.  ಮಾತು ಕಲಿಸುವವಳಿಗೆ ಮೂರಕ್ಷರದ ಒಂದು ಹೆಸರು ಹೊರಡಲಿಲ್ಲ. ನಾಚಿಕೆ, ಗಾಬರಿ, ಸತ್ತವನಿಗೆ ದ್ರೋಹ ಮಾಡಿದೆನೇ, ಬದುಕಿರುವವನಿಗೆ ಮಾಡಿದೆನೇ ಎಂಬ ಸಂಕಟ, ಎಲ್ಲವೂ ಸೇರಿ ನಾಲಿಗೆಯನ್ನು ಕಟ್ಟಿಹಾಕಿದ್ದವು.

ಅವನಿಗೆ ಆ ಮೌನ ಬೇರೆಯೇ ಉತ್ತರವಾಗಿ ಕೇಳಿಸಿತು.

"ಗೊತ್ತಾಯ್ತು ಬಿಡಿ." ಸಾಮಾನುಗಳನ್ನು ಚೀಲಕ್ಕೆ ಹಾಕಿಕೊಂಡ. "ಹುಟ್ಟಿದಾಗಿಂದ ಒಬ್ಬರ ಬದಲಿ ಆಗಿ ಬದುಕಿದ್ದೀನಿ ನಾನು. ನಿಮ್ಮ ಹತ್ರ ಬಂದಾಗ ಮಾತ್ರ ನಾನು ನಾನೇ ಅನ್ಕೊಂಡಿದ್ದೆ. ಇನ್ನೊಬ್ಬರ ಬದಲಿ ಆಗೋಕೆ... ನನ್ನ ಕೈಲಾಗಲ್ಲ ಟೀಚರ್."

"ನಿಲ್ಲಿ... ದಯವಿಟ್ಟು..."

ಅವಳ ಬಾಯಿಂದ ಅದು ಹೊರಡುವಷ್ಟರಲ್ಲಿ ಅವನು ಬಾಗಿಲು ದಾಟಿದ್ದ.

*

ಫೋನ್ ಮಾಡಿದಳು. ತೆಗೆಯಲಿಲ್ಲ. ಮತ್ತೆ ಮಾಡಿದಳು. ಆಮೇಲೆ ಫೋನೇ ಆಫ್ ಆಯಿತು.

ಅಮ್ಮನನ್ನು ಈಗ ಅಕ್ಕ ಕರೆತರುತ್ತಿದ್ದಳು. ಕೊನೆಗೆ ತಡೆಯಲಾರದೆ ಅವಳು ಅವರ ಮನೆಗೇ ಹೋದಳು. ಅಕ್ಕ ಬಾಗಿಲನ್ನು ಅರ್ಧ ತೆರೆದು ತಲೆ ತಗ್ಗಿಸಿದಳು.

"ಅವನು ಮನೇಲಿಲ್ಲಮ್ಮ."

ಹೊಸಿಲ ಪಕ್ಕದಲ್ಲಿ ಅವನ ಬೂಟುಗಳಿದ್ದವು. ಗ್ರೀಸಿನ ಕಲೆಯ ಬೂಟುಗಳು. ಇಬ್ಬರೂ ಅವನ್ನು ನೋಡಿದರು. 

ಅವಳು ಬೀದಿಯ ತಿರುವಿನವರೆಗೆ ಹೇಗೋ ನಡೆದಳು. ಅಲ್ಲಿ ಮುಚ್ಚಿದ ಅಂಗಡಿಯೊಂದರ ಮೆಟ್ಟಿಲ ಮೇಲೆ ಕುಸಿದು, ಹೋಗಿಬರುವವರ ಲಕ್ಷ್ಯವೇ ಇಲ್ಲದೆ ಬಿಕ್ಕಿ ಬಿಕ್ಕಿ ಅತ್ತಳು.

'ಮೊದಲನೇ ಸಲ ಸಾವು ಕಿತ್ಕೊಂಡಿತು. ಯಾರನ್ನ ಬೈಯಲಿ ಅಂತಿದ್ದೆ. ಈ ಸಲ ನನ್ನ ಬಾಯೇ ಕಿತ್ಕೊಳ್ತು... ಇನ್ನು ಯಾರನ್ನ ಬೈಯಲಿ?'

ಊಟ ಸೇರಲಿಲ್ಲ. ಕನ್ನಡಿ ನೋಡಲಿಲ್ಲ. ಬೇರೆಯವರಿಗೆ 'ಅ' ಹೇಳಿ, 'ಆ' ಹೇಳಿ ಎನ್ನುವಾಗ ತನ್ನ ದನಿಯೇ ದೂರದಿಂದ ಬಂದಂತೆ ಕೇಳಿಸುತ್ತಿತ್ತು.

ಒಂದು ಬೆಳಿಗ್ಗೆ ಅಕ್ಕ ಅಮ್ಮನ ಗಾಲಿಕುರ್ಚಿಯನ್ನು ಒಳಗೆ ತಳ್ಳಿಕೊಂಡು ಬಂದವಳೇ ಹೇಳಿದಳು. "ದೂರದ ಬಂದರಿನ ಊರಿಗೆ ವರ್ಗ ಕೇಳ್ಕೊಂಡಿದ್ದಾನಮ್ಮ. ಸಂಜೆ ರೈಲು. ಈಗ ಸ್ಟೇಷನ್ ರಸ್ತೇಲಿ ಕಟ್ತಿರೋ ಹೊಸ ಕಟ್ಟಡದ ಲಿಫ್ಟ್ ಕೆಲಸ ಮುಗಿಸೋಕೆ ಹೋಗಿದ್ದಾನೆ. ಅಲ್ಲಿಂದ ಹಾಗೇ ಸ್ಟೇಷನ್ನು. ಅಮ್ಮ ಅವನ ಮುಖ ನೋಡಿ ಮತ್ತೆ 'ಗುಬ್ಬಿ' ಅಂದ್ರು. ಇವನು ಕಾಲಿಗೆ ಬಿದ್ದು ಹೊರಟೇಬಿಟ್ಟ."

ಅವಳು ಅಮ್ಮನ ಎದುರು ಮಂಡಿಯೂರಿ ಕುಳಿತಳು. ಪಾಠ ಮಾಡುವವಳಂತೆ ಅಲ್ಲ, ಭಿಕ್ಷೆ ಬೇಡುವವಳಂತೆ.

"ಅಮ್ಮಾ... ಅವರಿಗೆ ಆ ಹೆಸರು ಯಾಕಿಟ್ರಿ? ಬದಲಿ ಅಂತ ಯಾಕೆ ಕರೆದ್ರಿ? ಆ ಹೆಸರು ಅವರನ್ನ ತಿಂತಾ ಇದೆ ಅಮ್ಮ... ಗುಬ್ಬಿಗೆ ಬದಲಿ ಅಂತ ತಾನೇ ಇಟ್ಟಿದ್ದು?"

ಅಮ್ಮನ ಕಣ್ಣುಗಳು ಅಗಲವಾದವು. ತಲೆಯನ್ನು ಜೋರಾಗಿ ಅಡ್ಡಡ್ಡ ಆಡಿಸಿದರು.

"ಗುಬ್ಬಿ... ಗುಬ್ಬಿ..." ಎಡಗೈಯಿಂದ ಕುರ್ಚಿಯ ತೋಳನ್ನು ಗುದ್ದಿದರು. ಹೇಳಬೇಕಾದ್ದು ಅದಲ್ಲ ಎಂದು ತಮ್ಮ ನಾಲಿಗೆಯ ಮೇಲೇ ಸಿಟ್ಟಾದವರಂತೆ.

"ಇಲ್ವಾ? ಗುಬ್ಬಿಗೆ ಬದಲಿ ಅಲ್ವಾ?" ಅವಳು ಮೇಜಿನ ಮೇಲಿದ್ದ ಚಿತ್ರದ ಕಾರ್ಡುಗಳನ್ನೆಲ್ಲ ತಂದು ಆಕೆಯ ಮಡಿಲಲ್ಲಿ ಹರಡಿದಳು. "ತೋರ್ಸಿ ಅಮ್ಮ. ಅವಸರ ಇಲ್ಲ... ಅಯ್ಯೋ, ಇದೆ! ಆದ್ರೂ ನಿಧಾನವಾಗಿ ತೋರ್ಸಿ."

ನಡುಗುವ ಎಡಗೈ ಕಾರ್ಡುಗಳ ಮೇಲೆ ಅಲೆದು ಒಂದನ್ನು ಎತ್ತಿತು. ಹೊಳೆಯ ಚಿತ್ರ. ಆಕೆ ಅದನ್ನು ತಮ್ಮ ಎದೆಗೆ ಒತ್ತಿಕೊಂಡರು.

"ನಾ... ನು."

 ಹೊಸ ಪದ!

"ನೀವು... ಹೊಳೆಗೆ?"

ಆಕೆ ಕಣ್ಣು ಮುಚ್ಚಿ ತೆರೆದರು. ಹೌದು.

ಹಿಂದೆ ನಿಂತಿದ್ದ ಅಕ್ಕ ಬಾಯಿಗೆ ಕೈ ಇಟ್ಟುಕೊಂಡಳು. "ದೇವರೇ! ಗುಬ್ಬಿ ತೀರಿಕೊಂಡ ವರ್ಷ... ಅಮ್ಮ ಒಂದು ಸಂಜೆ ಒದ್ದೆ ಬಟ್ಟೇಲಿ ಮನೆಗೆ ಬಂದಿದ್ರು. ಸೊಂಟದವರೆಗೂ ಒದ್ದೆ. ಕಾಲು ಜಾರಿತು ಅಂದ್ರು. ನಾನು ಚಿಕ್ಕವಳು, ನಂಬಿದ್ದೆ..."

ಅಮ್ಮನ ಕೈ ಎದೆಯಿಂದ ಇಳಿದು ಹೊಟ್ಟೆಯ ಮೇಲೆ ನಿಂತಿತು. ತುಟಿ ಸೊಟ್ಟಗಾಯಿತು, ಹಣೆಯ ನರ ಉಬ್ಬಿತು.

"ಒ... ಒದ್ದ." ಒಂದು ಉಸಿರು. "ಒಳಗೆ... ಒದ್ದ."

ಅವಳು ಕಾರ್ಡುಗಳನ್ನು ಬದಿಗೆ ಸರಿಸಿ ಇನ್ನಷ್ಟು ಹತ್ತಿರ ಬಾಗಿದಳು.

"ನನ್... ಸಾವು..." ಕಣ್ಣೀರು ಕೆನ್ನೆಯಿಂದ ಗದ್ದಕ್ಕೆ ಇಳಿಯಿತು. "ಬದ... ಲಿ."

ಅವಳಿಗೆ ಎಲ್ಲವೂ ಒಮ್ಮೆಗೇ ಅರ್ಥವಾಯಿತು. ಸತ್ತ ಮಗನ ಜಾಗಕ್ಕೆ ಬಂದವನಲ್ಲ ಅವನು. ನೀರಿಗಿಳಿದಿದ್ದ ತಾಯಿಗೆ, ಸಾವಿನ ಬದಲು ಸಿಕ್ಕಿದವನು!

"ಈಗ ನೆನಪಾಗ್ತಿದೆ," ಅಕ್ಕ ಅಳುತ್ತಲೇ ಹೇಳಿದಳು. "ಮನೆಯವರೆಲ್ಲ ಮಗೂಗೆ ತೀರಿಹೋದವನ ಹೆಸರನ್ನೇ ಇಡಿ ಅಂದ್ರು. ಅಮ್ಮ ಹಟ ಹಿಡಿದು ಬೇಡ ಅಂದ್ರು. ಅವನು ಅವನೇ, ಇವನು ಇವನೇ ಅಂದ್ರು. ಅಮ್ಮನ ತವರಲ್ಲಿ ಸಾವಿನ ಮನೆಗೆ ಹೋದವರು 'ದೇವರು ನಿಮಗೆ ಇವಜ್ ಕೊಡಲಿ' ಅಂತ ಹಾರೈಸ್ತಾರಮ್ಮ. ಹೋದವರು ವಾಪಸ್ ಬರ್ಲಿ ಅಂತಲ್ಲ. ಉಳಿದವರಿಗೆ ಬದುಕೋಕೆ ಏನಾದ್ರೂ ಸಿಗ್ಲಿ ಅಂತ. ನಾವು ಯಾರೂ ಇದನ್ನ ಅವನಿಗೆ ಬಿಡಿಸಿ ಹೇಳಲೇ ಇಲ್ಲ..."

ಅಷ್ಟರಲ್ಲಿ ಅಮ್ಮನ ತಲೆ ಒಂದು ಕಡೆಗೆ ವಾಲಿತು.

"ಅಮ್ಮಾ! ಅಮ್ಮಾ...!"

ಓಡಿಬಂದ ಡಾಕ್ಟರ್ ನಾಡಿ ಹಿಡಿದು, ಸ್ಟ್ರೆಚರ್ ತರಿಸಿದರು. "ಹೃದಯ ತುಂಬ ಸೋತಿದೆ. ಈಗಲೇ ಏನೂ ಹೇಳೋಕಾಗಲ್ಲ. ಮಗ ಇದ್ರೆ ಕರೆಸಿಬಿಡಿ."

ಅವನ ಫೋನ್ ಆಫ್ ಆಗಿತ್ತು. ಅಕ್ಕ ಅಮ್ಮನನ್ನು ಬಿಟ್ಟು ಬರುವಂತಿರಲಿಲ್ಲ.

"ನಾನು ಹೋಗ್ತೀನಿ," ಎಂದಳು ಅವಳು.

*

ಕಟ್ಟಡ ಇನ್ನೂ ಸುಣ್ಣ ಕಂಡಿರಲಿಲ್ಲ. ಲಿಫ್ಟಿನ ಬಾಯಿಗೆ ಹಲಗೆ ಅಡ್ಡ ಹೊಡೆದಿದ್ದರು. ಮೋಟಾರ್ ಕೋಣೆ ತುತ್ತತುದಿಯಲ್ಲಿ ಎಂದು ಕಾವಲಿನವನು ಹೇಳಿದ.

ಅವಳು ಮೆಟ್ಟಿಲು ಹತ್ತಿದಳು. ಕಂಬಿಯಿಲ್ಲದ ಮೆಟ್ಟಿಲು. ಕಾಲಿಗೆ ಸಿಮೆಂಟಿನ ಪುಡಿ, ಬಾಯಿಗೆ ಎದೆ ಬಂದಂತೆ ಏದುಸಿರು.

'ಇದೊಂದು ಸಲ... ತಡ ಆಗದಿರಲಿ. ಇನ್ನೊಂದು ತಣ್ಣನೆ ಕೈ ನನಗೆ ಬೇಡ. ಅವರಿಗೂ ಬೇಡ.'

ಅವನು ಸಲಕರಣೆಯ ಪೆಟ್ಟಿಗೆಗೆ ಬೀಗ ಹಾಕುತ್ತಿದ್ದ. ಬಾಗಿಲಲ್ಲಿ ಅವಳನ್ನು ನೋಡಿ ಬೀಗದ ಕೈಯನ್ನು ಕೆಳಗೆ ಬೀಳಿಸಿದ.

"ಟೀಚರ್? ಇಷ್ಟೆತ್ತರ... ನಡ್ಕೊಂಡು ಬಂದ್ರಾ?"

"ಅಮ್ಮನಿಗೆ ಹುಷಾರಿಲ್ಲ. ಬನ್ನಿ... ಈಗಲೇ ಬನ್ನಿ."

ಅವನ ಮುಖ ಬಿಳಿಚಿತು. ಒಂದು ಹೆಜ್ಜೆ ಮುಂದಿಟ್ಟವನು ಹಾಗೇ ನಿಂತುಬಿಟ್ಟ.

"ಅವರು ಕರೀತಿರೋದು ಗುಬ್ಬೀನ. ಕೊನೇ ಹೊತ್ತಲ್ಲೂ ನಾನು ಅವನ ವೇಷ ಹಾಕ್ಕೊಂಡು ನಿಲ್ಲಬೇಕಾ ಟೀಚರ್?"

"ಅಮ್ಮ ಸಾಯೋಕೆ ಹೋಗಿದ್ರು!" ಅವಳು ಕೂಗಿಬಿಟ್ಟಳು. ಬೋಳು ಗೋಡೆಗಳಿಗೆ ಬಡಿದು ಆ ಮಾತು ಮರಳಿ ಬಂತು. "ಗುಬ್ಬಿ ಹೋದ ಮೇಲೆ ಹೊಳೆಗೆ ಇಳಿದಿದ್ರು. ಸೊಂಟದವರೆಗೆ ನೀರು. ಆಗ ಹೊಟ್ಟೆ ಒಳಗಿಂದ ನೀವು ಒದ್ರಿ. ಅವರು ವಾಪಸ್ ಬಂದ್ರು. ನಿಮ್ಮ ಹೆಸರು ಗುಬ್ಬಿಗೆ ಬದಲಿ ಅಂತ ಅಲ್ಲ... ಅವರ ಸಾವಿಗೆ ಬದಲಿ ಅಂತ. ಇವತ್ತು ಬೆಳಿಗ್ಗೆ ಅವರೇ ಹೇಳಿದ್ರು, ಒಂದೊಂದೇ ಪದ ಕಿತ್ತು ಕಿತ್ತು ಹೇಳಿದ್ರು. ಹೇಳಿ ಸುಸ್ತಾಗಿ ಬಿದ್ರು!"

ಅವನು ಗೋಡೆಗೆ ಆನಿಕೊಂಡ.

"ನನ್ನ ಸಮಾಧಾನಕ್ಕೆ ಕಟ್ಟಿದ ಮಾತಲ್ಲ ತಾನೇ?"

"ನಿಮಗೆ ಸುಳ್ಳು ಹೇಳೋಷ್ಟು ಶಕ್ತಿ ಉಳಿದಿಲ್ಲ ನನ್ನ ಹತ್ರ." ಅವಳ ದನಿ ಇಳಿಯಿತು. "ಅಕ್ಕನ್ನ ಕೇಳಿ. ನನ್ನನ್ನ ನಂಬೋದು ಬೇಡ, ಕ್ಷಮಿಸೋದೂ ಬೇಡ. ರೈಲು ಹತ್ತೋಕೆ ಮುಂಚೆ ಅಮ್ಮನ ಮುಖ ಒಂದ್ಸಲ ನೋಡಿ ಹೋಗಿ. ನಿಮ್ಮ ಕಾಲು ಹಿಡೀಲಾ?"

ಅವಳು ಬಾಗುವ ಮೊದಲೇ ಅವನು ಅವಳ ಭುಜ ಹಿಡಿದು ನಿಲ್ಲಿಸಿದ.  ಇಬ್ಬರೂ ಮೆಟ್ಟಿಲಿಳಿದು ಓಡಿದರು. ಬೀಗ ಹಾಕದ ಪೆಟ್ಟಿಗೆ ಅಲ್ಲೇ ಉಳಿಯಿತು.

*

ವಾರ್ಡಿನಲ್ಲಿ ಅಮ್ಮ ಕಣ್ಣು ಮುಚ್ಚಿ ಮಲಗಿದ್ದರು. ಮೂಗಿಗೆ ನಳಿಕೆ. ಅವನು ಮಂಚದ ಪಕ್ಕ ನಿಂತು, ಏನನ್ನಬೇಕೋ ತೋಚದೆ, ಅಷ್ಟೆತ್ತರದ ಗಂಡಸು ಮಗುವಿನ ಹಾಗೆ ಬಿಕ್ಕಿದ.

"ಅಮ್ಮಾ... ನಾನಮ್ಮ."

ಆಕೆ ಕಣ್ಣು ತೆರೆದರು. ಬಹಳ ಹೊತ್ತು ನೋಡಿದರು. ತುಟಿ ಅಲುಗಿತು.

"ಗುಬ್ಬಿ..."

ಬಾಗಿಲ ಬಳಿ ನಿಂತಿದ್ದ ಅವಳ ಜೀವ ಹಾರಿಹೋಯಿತು. 'ಅಯ್ಯೋ... ಈಗಲೂ ಅದೇ ಪದವಾ!'

ಆದರೆ ಅಮ್ಮನ ಎಡಗೈ ಹೊದಿಕೆಯಿಂದ ಹೊರಬಂತು. ಮಗನ ಕೈಯನ್ನು ಹುಡುಕಿ ಹಿಡಿಯಿತು. ಎಳೆದು ತನ್ನ ಹೊಟ್ಟೆಯ ಮೇಲಿಟ್ಟುಕೊಂಡಿತು. ಒತ್ತಿ ಹಿಡಿಯಿತು. ಆಕೆ ಮಗನ ಕಣ್ಣನ್ನೇ ನೋಡುತ್ತ, ಅರ್ಧ ಮುಖದಿಂದಲೇ ನಕ್ಕರು.

ಅವನು ಆ ಕೈಯ ಮೇಲೆ ಹಣೆಯಿಟ್ಟು ಕುಸಿದು ಕುಳಿತ.

"ಗುಬ್ಬಿ ಅಂತಲೇ ಕರಿಯಮ್ಮ... ಏನು ಬೇಕಾದ್ರೂ ಕರಿ. ನಂಗೆ ಗೊತ್ತಾಯ್ತು. ಎಲ್ಲಾ ಗೊತ್ತಾಯ್ತು..."

ಸಂಜೆಯ ರೈಲು ಅವನಿಲ್ಲದೆ ಹೋಯಿತು. ದೀಪ ಹಚ್ಚುವ ಹೊತ್ತಿಗೆ ಡಾಕ್ಟರ್ ಮತ್ತೆ ಬಂದು ನಾಡಿ ನೋಡಿ, ಈ ಸಲ ಗಂಡಾಂತರ ಕಳೆದಂತಿದೆ ಎಂದರು. ಅಕ್ಕ ಅಮ್ಮನ ಪಕ್ಕ ಕುಳಿತಳು. ಅವನು ಹೊರಗೆ ಬಂದ.

ಹೊರಗಿನ ಬೆಂಚಿನ ತುದಿಯಲ್ಲಿ ಅವಳು ಕುಳಿತಿದ್ದಳು. ಹೊರಡಲು ಮನಸ್ಸಿಲ್ಲ, ಉಳಿಯಲು ಹಕ್ಕಿದೆಯೋ ಇಲ್ಲವೋ ಗೊತ್ತಿಲ್ಲ. ಅವನು ಬಂದು ಇನ್ನೊಂದು ತುದಿಯಲ್ಲಿ ಕುಳಿತ.

"ಅವತ್ತು ಬಾಯಿ ತಪ್ಪಿದ್ದು ನಿಜ," ಅವಳೇ ಮೊದಲು ಹೇಳಿದಳು. ನೆಲವನ್ನೇ ನೋಡುತ್ತಿದ್ದಳು. "ಮುಚ್ಚಿಡಲ್ಲ. ಪ್ರೀತಿ ಬಂದಾಗ ನನ್ನ ಬಾಯಿಗೆ ಬರ್ತಿದ್ದ ಪದ ಅದೊಂದೇ. ಅವರು ಹೋದ ಮೇಲೆ ಪ್ರೀತೀನೇ ಬಂದಿರಲಿಲ್ಲ, ಹೊಸ ಪದ ಎಲ್ಲಿಂದ ಹುಟ್ಟಬೇಕು? ಅವತ್ತು ನಿಮ್ಮನ್ನ ನೋಡಿದಾಗ ಬಂತು. ಆ ಪದ ಅವರದ್ದು. ಆದ್ರೆ ಬಂದ ಪ್ರೀತಿ ಮಾತ್ರ ನಿಮ್ಮ ಮೇಲೇ ಬಂದಿದ್ದು... ಇವಜ್."

ಅವಳ ಬಾಯಲ್ಲಿ ತನ್ನ ಹೆಸರನ್ನು ಅವನು ಮೊದಲ ಸಲ ಕೇಳುತ್ತಿದ್ದ. ಕಣ್ಣು ಮುಚ್ಚಿಕೊಂಡ.

"ಅವರ ಜಾಗಕ್ಕೆ ನಿಮ್ಮನ್ನ ಕೂರಿಸ್ತಿಲ್ಲ ನಾನು. ಅವರು ಎಲ್ಲಿದ್ದಾರೋ ಅಲ್ಲೇ ಇರ್ತಾರೆ. ಅದು ಕಷ್ಟ ಅನ್ಸಿದ್ರೆ ಹೇಳಿಬಿಡಿ. ಎದ್ದು ಹೋಗ್ತೀನಿ."

  ಅವನು ಬೆಂಚಿನ ಮೇಲೆ ಸರಿದು ಅವಳ ಪಕ್ಕಕ್ಕೆ ಬಂದ.

"ಹೇಗಿದ್ರು ಅವರು?"

"ಯಾರು?"

"ನಿಮ್ಮ ದೊರೆ. ಹೋಗಿದ್ದಷ್ಟೇ ಹೇಳಿದ್ರಿ ನೀವು. ಇದ್ದಾಗ ಹೇಗಿದ್ರು ಅಂತ ನಾನು ಕೇಳಲೇ ಇಲ್ಲ."

ಎರಡು ವರ್ಷದಲ್ಲಿ ಯಾರೂ ಆ ಪ್ರಶ್ನೆ ಕೇಳಿರಲಿಲ್ಲ. ಮರೆತುಬಿಡು ಎಂದಿದ್ದರು, ಮುಂದೆ ನೋಡು ಎಂದಿದ್ದರು. ಅವಳ ಕಣ್ಣು ತುಂಬಿ ಹರಿಯಿತು.

"ತುಂಬ ಜೋರಾಗಿ ನಗ್ತಿದ್ರು... ಪಕ್ಕದ ಮನೆಯವರು ಕಿಟಕಿ ತೆಗೆದು ನೋಡೋಷ್ಟು."

"ನಂಗೆ ಹಾಗೆ ನಗೋಕೆ ಬರಲ್ಲ."

"ಬೇಡ." ಅವಳು ಅಳುತ್ತಲೇ ಅವನ ತೋಳಿಗೆ ತಲೆ ಆನಿಸಿದಳು. "ನೀವು ನಿಮ್ಮ ಥರಾನೇ ನಗಿ."